ನಂದಾದೇವಿ: ಬಾಗಿಲು ಮುಚ್ಚಿಕೊಂಡ ಬೆಟ್ಟ

ಮೇ ತಿಂಗಳು ಬಂತೆಂದರೆ ಮುಂಬಯಿಯ ನಮ್ಮ ಕನ್ನಡದ ಮನೆಗಳಲ್ಲಿ ಎರಡು ಬಗೆಯ ಪ್ರಯಾಣಕ್ಕೆ ತಯಾರಿ ನಡೆಯುತ್ತದೆ. ಹಿರಿಯರಿಗೆ ಊರಿನ ಮದುವೆ, ಮುಂಜಿ, ಜಾತ್ರೆ, ದೈವದ ಕೋಲ. ಮಕ್ಕಳಿಗೆ ಹಿಮಾಲಯ. ಆಂಟಾಪ್ ಹಿಲ್‌ನ ಸರ್ಕಾರಿ ಕ್ವಾರ್ಟರ್ಸ್‌ಗಳಲ್ಲಿ, ಸಾಯನ್, ಮಾಟುಂಗಾದ ಬಿಲ್ಡಿಂಗುಗಳಲ್ಲಿ ಬೆಳೆದ ಹುಡುಗ ಹುಡುಗಿಯರು ಮಳೆಗಾಲದಲ್ಲಿ ಕರ್ಜತ್ ಲೋಕಲ್, ಕಸಾರಾ ಲೋಕಲ್ ಹಿಡಿದು ಸಹ್ಯಾದ್ರಿಯ ಕೋಟೆಗಳನ್ನು ಹತ್ತಿ ಕಾಲು ಗಟ್ಟಿ ಮಾಡಿಕೊಳ್ಳುತ್ತಾರೆ. ಬೇಸಗೆ ರಜೆಯಲ್ಲಿ ಉತ್ತರಾಖಂಡದ ರೈಲು ಹತ್ತುತ್ತಾರೆ. ಹೋಗಿ ಬಂದವರ ಮೊಬೈಲಿನಲ್ಲಿ ಒಂದು ಚಿತ್ರ ಇದ್ದೇ ಇರುತ್ತದೆ. ಔಲಿಯಿಂದಲೋ, ಕೌಸಾನಿಯಿಂದಲೋ ತೆಗೆದದ್ದು. ಬೆಟ್ಟಗಳ ಸಾಲಿನಲ್ಲಿ ಎಲ್ಲಕ್ಕಿಂತ ತಲೆ ಎತ್ತಿ ನಿಂತ ಒಂದು ಬಿಳಿಯ ಶಿಖರ. ಅದು ನಂದಾದೇವಿ.

"ಅದನ್ನು ಹತ್ತಲಿಕ್ಕೆ ಆಗುವುದಿಲ್ಲವಾ?" ಎಂಬುದು ಚಿತ್ರ ನೋಡಿದವರ ಮೊದಲ ಪ್ರಶ್ನೆ. ಆಗುವುದಿಲ್ಲ. ಶಕ್ತಿ ಸಾಲದೆಂದಲ್ಲ, ಅಪ್ಪಣೆ ಇಲ್ಲ. 1983ರಿಂದ ಆ ಬೆಟ್ಟದ ಒಳ ಆವರಣಕ್ಕೆ ಪರ್ವತಾರೋಹಿಗಳಿಗೆ ಪ್ರವೇಶವಿಲ್ಲ. ಬೆಟ್ಟದ ಬುಡದಲ್ಲೇ ಹುಟ್ಟಿ ಬೆಳೆದ ಕುರಿಗಾಹಿಗೂ ಇಲ್ಲ.

ಒಂದು ಬೆಟ್ಟಕ್ಕೆ ಬೀಗ ಹಾಕಿದ್ದು ಏಕೆ, ಆ ಬೀಗದಿಂದ ಯಾರಿಗೆ ಏನಾಯಿತು, ನಮ್ಮ ಶಿರಸಿಯ ಕಾಡಿಗೂ ಆ ಬೆಟ್ಟದ ಬುಡದ ಒಂದು ಹಳ್ಳಿಗೂ ಏನು ನಂಟು, ಇವನ್ನು ತಿಳಿದುಕೊಂಡು ಆ ಚಿತ್ರ ನೋಡಿದರೆ ಬೆಟ್ಟ ಬೇರೆಯಾಗಿ ಕಾಣುತ್ತದೆ.

ಕೋಟೆಯೊಳಗಿನ ಶಿಖರ

ನಂದಾದೇವಿಯ ಎತ್ತರ 7,816 ಮೀಟರ್. ದೇಶದ ಎತ್ತರದ ಶಿಖರಗಳನ್ನು ಲೆಕ್ಕ ಹಾಕುವಾಗ ಕಾಂಚನಜುಂಗಾದ ಹೆಸರು ಮೊದಲು ಬರುತ್ತದೆ. ಆದರೆ ಅದು ನೇಪಾಳದ ಗಡಿಯ ಮೇಲೆ ನಿಂತಿದೆ. ಯಾವ ಗಡಿಯನ್ನೂ ಮುಟ್ಟದೆ ಪೂರ್ತಿಯಾಗಿ ನಮ್ಮ ನೆಲದ ಒಳಗೇ ಇರುವ ಎತ್ತರದ ಬೆಟ್ಟ ಯಾವುದೆಂದರೆ ನಂದಾದೇವಿಯನ್ನೇ ಹೇಳುತ್ತಾರೆ. 19ನೇ ಶತಮಾನದ ಆರಂಭದಲ್ಲಿ, ನೇಪಾಳದ ಶಿಖರಗಳ ಅಳತೆ ಸಿಗುವ ಮೊದಲು, ಜಗತ್ತಿನಲ್ಲೇ ಇದು ಅತಿ ಎತ್ತರದ್ದು ಎಂಬ ಎಣಿಕೆಯೂ ಇತ್ತು.

ಇದಕ್ಕೆ ಎರಡು ಶಿಖರಗಳು. ಪಶ್ಚಿಮದ್ದು ಮುಖ್ಯ ಶಿಖರ. ಪೂರ್ವದ್ದು ಸುನಂದಾದೇವಿ, 7,434 ಮೀಟರ್. ಎರಡರ ನಡುವೆ ಸುಮಾರು ಎರಡು ಕಿಲೋಮೀಟರ್ ಉದ್ದದ ಏಣು. ಅಲಗಿನಂತೆ ಚೂಪಾದ ಈ ಏಣು ಎಲ್ಲಿಯೂ ಹೆಚ್ಚು ತಗ್ಗುವುದಿಲ್ಲ.

ಆದರೆ ನಂದಾದೇವಿಯ ನಿಜವಾದ ವಿಶೇಷ ಎತ್ತರವಲ್ಲ, ಅದರ ಸುತ್ತಲಿನ ಗೋಡೆ. ನೂರು ಕಿಲೋಮೀಟರಿಗೂ ಹೆಚ್ಚು ಸುತ್ತಳತೆಯ ಒಂದು ಬೆಟ್ಟದ ಬಳೆ ಅದನ್ನು ಸುತ್ತುವರಿದಿದೆ. ದುನಾಗಿರಿ, ಚಾಂಗಬಾಂಗ್, ಕಲಂಕಾ, ಸುನಂದಾದೇವಿ, ನಂದಾಖಾಟ್, ಮೈಕ್ತೋಲಿ, ದೇವ್‌ತೋಲಿ, ತ್ರಿಶೂಲ, ಹೀಗೆ ಆರೂವರೆ ಏಳು ಸಾವಿರ ಮೀಟರಿನ ಶಿಖರಗಳು ಒಂದಕ್ಕೊಂದು ಕೈ ಹಿಡಿದಂತೆ ನಿಂತಿವೆ. ಈ ಗೋಡೆಯಲ್ಲಿ ಸುಲಭವಾಗಿ ದಾಟಬಹುದಾದ ತಗ್ಗೇ ಇಲ್ಲ. ಪಶ್ಚಿಮದಲ್ಲಿ ಮಾತ್ರ ಒಂದು ಸೀಳು. ಒಳಗಿನ ಹಿಮವೆಲ್ಲ ಕರಗಿ ಋಷಿಗಂಗೆಯಾಗಿ ಹೊರಬೀಳುವ ಕಮರಿ ಅದು. ಚಿತ್ರದುರ್ಗದ ಕೋಟೆ ನೋಡಿದವರಿಗೆ ಒನಕೆ ಓಬವ್ವನ ಕಿಂಡಿ ನೆನಪಿರುತ್ತದೆ. ಇಷ್ಟು ದೊಡ್ಡ ಕೋಟೆಗೂ ಇರುವುದು ಅಂಥದೇ ಒಂದು ಕಿಂಡಿ.

ಒಳಗೆ ಉತ್ತರ ನಂದಾದೇವಿ, ದಕ್ಷಿಣ ನಂದಾದೇವಿ, ಉತ್ತರ ಋಷಿ, ದಕ್ಷಿಣ ಋಷಿ ಎಂಬ ಹೆಸರಿನ ಹಿಮನದಿಗಳಿವೆ. ಹಿಮನದಿ ಎಂದರೆ ನಿಂತ ಮಂಜುಗಡ್ಡೆಯಲ್ಲ. ಮೇಲೆ ಬಿದ್ದ ಹಿಮ ವರ್ಷ ವರ್ಷವೂ ಪದರ ಪದರವಾಗಿ ಒತ್ತಿ ಗಟ್ಟಿಯಾಗಿ, ತನ್ನ ಭಾರಕ್ಕೆ ತಾನೇ ಇಳಿಜಾರಿನಲ್ಲಿ ನಿಧಾನವಾಗಿ ಜರುಗುತ್ತದೆ. ಜರುಗುವಾಗ ಬೆಟ್ಟದ ಮೈಯನ್ನು ಉಜ್ಜಿ, ಕಲ್ಲು ಮಣ್ಣು ಹೊತ್ತು ತಂದು ಬದಿಯಲ್ಲಿ ದಿಣ್ಣೆಯಾಗಿ ಸುರಿಯುತ್ತದೆ. ನಂದಾದೇವಿಯ ಕಡಿದಾದ ಮೈಯನ್ನು ಕೆತ್ತಿದ್ದೂ ಇವೇ. ದಕ್ಷಿಣದ ಹಿಮನದಿಯ ಅಂಗಳದಿಂದ ಶಿಖರದ ತುದಿಗೆ ನೇರ ಎತ್ತರವೇ ಸುಮಾರು 3,300 ಮೀಟರ್. ಕರ್ನಾಟಕದ ಅತಿ ಎತ್ತರದ ಮುಳ್ಳಯ್ಯನಗಿರಿ ಸಮುದ್ರಮಟ್ಟದಿಂದ 1,930 ಮೀಟರ್. ಅದರ ಮೇಲೆ ಇನ್ನೊಂದು ಮುಕ್ಕಾಲು ಮುಳ್ಳಯ್ಯನಗಿರಿ ಇಟ್ಟಷ್ಟು ಗೋಡೆ ಇಲ್ಲಿ ಒಂದೇ ಏಟಿಗೆ ಮೇಲೇಳುತ್ತದೆ.

ನಮ್ಮ ಆಂಟಾಪ್ ಹಿಲ್ ಕೂಡ ಹೆಸರಿಗೆ ತಕ್ಕಂತೆ ಒಂದು ಗುಡ್ಡವೇ. ವಡಾಲಾ ಕಡೆಯಿಂದ ಬಸ್ಸಿನಲ್ಲಿ ಬರುವಾಗ ಗುಡಿಸಲು, ಚಾಳು, ಟವರುಗಳ ನಡುವೆ ಅದರ ಕಲ್ಲು ಅಲ್ಲಲ್ಲಿ ಇಣುಕುತ್ತದೆ. ಮುಂಬಯಿಯ ಈ ಗುಡ್ಡಗಳೆಲ್ಲ ಆರು ಕೋಟಿ ವರ್ಷಗಳಿಗೂ ಹಿಂದೆ ಭೂಮಿ ಬಿರಿದು ಹರಿದ ಜ್ವಾಲಾಮುಖಿಯ ಕಲ್ಲು. ಆ ಬೆಂಕಿ ಇಲ್ಲಿ ಹರಿಯುತ್ತಿದ್ದಾಗ ಹಿಮಾಲಯ ಇನ್ನೂ ಎದ್ದಿರಲಿಲ್ಲ. ನಮ್ಮ ನೆಲದ ತುಂಡು ಇನ್ನೂ ಉತ್ತರಕ್ಕೆ ತೇಲುತ್ತಿತ್ತು. ಅದು ಹೋಗಿ ಏಷ್ಯಾಕ್ಕೆ ಡಿಕ್ಕಿ ಹೊಡೆದ ಮೇಲೆ ಹಿಮಾಲಯ ಏಳತೊಡಗಿತು. ವಯಸ್ಸಿನ ಲೆಕ್ಕದಲ್ಲಿ ನಮ್ಮ ಗುಡ್ಡವೇ ಹಿರಿಯದು. ಹಿಮಾಲಯ ಇನ್ನೂ ಬೆಳೆಯುತ್ತಿರುವ, ಕುಸಿಯುತ್ತಲೂ ಇರುವ ಎಳೆಯ ಬೆಟ್ಟ. ಈ ಮಾತು ಮುಂದೆ ಮತ್ತೆ ಬೇಕಾಗುತ್ತದೆ.

ತವರಿನ ಮಗಳು

ಗಢವಾಲ, ಕುಮಾವೂಂಗಳ ಜನರಿಗೆ ನಂದಾ ಮನೆಮಗಳು. ತವರು ಈ ಬೆಟ್ಟದ ಸೀಮೆಯ ಹಳ್ಳಿಗಳು, ಗಂಡನ ಮನೆ ಶಿವನಿರುವ ಹಿಮದ ಊರು. ಸುಮಾರು ಹನ್ನೆರಡು ವರ್ಷಕ್ಕೊಮ್ಮೆ ನಡೆಯುವ ನಂದಾ ರಾಜಜಾತ ಎಂಬ ಯಾತ್ರೆಯಲ್ಲಿ ನೌಟಿ ಎಂಬ ಹಳ್ಳಿಯಿಂದ ಹೊರಟು, ನಾಲ್ಕು ಕೊಂಬಿನ ಟಗರನ್ನು ಮುಂದಿಟ್ಟುಕೊಂಡು, ರೂಪಕುಂಡದ ಮೇಲಿಂದ ಹೋಮಕುಂಡದವರೆಗೆ ನಡೆದು ಮಗಳನ್ನು ಗಂಡನ ಮನೆಗೆ ಕಳುಹಿಸಿ ಬರುತ್ತಾರೆ. 2014ರಲ್ಲಿ ಈ ಯಾತ್ರೆ ನಡೆದಿತ್ತು. ಹೆಂಗಸರು ಅಳುತ್ತಾ ಬೀಳ್ಕೊಡುತ್ತಾರೆ.

ಭಾದ್ರಪದದಲ್ಲಿ ಗೌರಿಯನ್ನು ತವರಿಗೆ ಕರೆದು, ಬಾಗಿನ ಕೊಟ್ಟು, ಮಡಿಲು ತುಂಬಿ ಕಳುಹಿಸುವ ನಮಗೆ ಇದನ್ನು ಬಿಡಿಸಿ ಹೇಳಬೇಕಿಲ್ಲ. ಬೆಟ್ಟವನ್ನು ಗೆಲ್ಲುವುದು ಎಂಬ ಮಾತು ಆ ಜನರ ಬಾಯಲ್ಲಿ ಬರಲಾರದು. ಮಗಳನ್ನು ಯಾರು ಗೆಲ್ಲುತ್ತಾರೆ?

ಕಿಂಡಿ ಹುಡುಕಿದವರು

ಹೊರಗಿನವರು ಬಂದದ್ದು ಗೆಲ್ಲಲಿಕ್ಕೇ. 1883ರಲ್ಲಿ ಡಬ್ಲ್ಯೂ. ಡಬ್ಲ್ಯೂ. ಗ್ರಹಾಂ ಋಷಿಗಂಗೆಯ ಕಮರಿಯಲ್ಲಿ ನುಗ್ಗಲು ನೋಡಿ ಹಿಂತಿರುಗಿದರು. 1905ರಲ್ಲಿ ಟಾಮ್ ಲಾಂಗ್‌ಸ್ಟಾಫ್ ಪೂರ್ವದ ಗೋಡೆಯ ಮೇಲೆ ಹತ್ತಿ ನಿಂತು ಒಳಗಿನ ಅಂಗಳವನ್ನು ಕಣ್ಣಾರೆ ಕಂಡರು, ಇಳಿಯಲಾಗಲಿಲ್ಲ. ಅವರೇ 1907ರಲ್ಲಿ ಗೋಡೆಯ ಒಂದು ಬುರುಜಿನಂತಿರುವ ತ್ರಿಶೂಲವನ್ನು, 7,120 ಮೀಟರ್, ಹತ್ತಿದರು. ಅಲ್ಮೋಡಾದಲ್ಲಿ ಡೆಪ್ಯುಟಿ ಕಮಿಷನರ್ ಆಗಿದ್ದ ಹ್ಯೂ ರಟ್ಲೆಜ್ ಬೇರೆ ಬೇರೆ ಕಡೆಯಿಂದ ಪ್ರಯತ್ನಿಸಿ ಸೋತರು. ಶಿಖರ ಹತ್ತುವುದಿರಲಿ, ಅದರ ಬುಡಕ್ಕೆ ತಲುಪಲಿಕ್ಕೇ ಅರ್ಧ ಶತಮಾನ ಹಿಡಿಯಿತು.

ಕಿಂಡಿ ತೆರೆದದ್ದು 1934ರಲ್ಲಿ. ಎರಿಕ್ ಶಿಪ್ಟನ್, ಬಿಲ್ ಟಿಲ್ಮನ್ ಎಂಬ ಇಬ್ಬರು ಇಂಗ್ಲಿಷರು. ಅಂಗ್ ಥಾರ್ಕೆ, ಪಾಸಾಂಗ್, ಕುಸಾಂಗ್ ಎಂಬ ಮೂವರು ಶೆರ್ಪಾಗಳು. ದೊಡ್ಡ ದಂಡು ಕಟ್ಟಿಕೊಂಡು ಹೋಗುವ ಆ ಕಾಲದ ರೂಢಿ ಬಿಟ್ಟು ಐದೇ ಜನ, ಕಡಿಮೆ ಸಾಮಾನು, ಸ್ಥಳೀಯರ ಹಾಗೆ ಹಿಟ್ಟು ಅಕ್ಕಿ ಉಂಡು ಹೊರಟರು. ಕಮರಿಯ ಕೊನೆಯ ಕೆಲವು ಮೈಲಿಗೆ ದಿನಗಟ್ಟಲೆ ಹಿಡಿಯಿತು. ಕೆಳಗೆ ಮೊರೆಯುವ ಹೊಳೆ, ಪಕ್ಕದಲ್ಲಿ ನುಣುಪು ಬಂಡೆ, ಕಾಲಿಡಲು ಹುಲ್ಲಿನ ಅಂಚು. ಹೊರೆಗಳನ್ನು ಹಗ್ಗದಲ್ಲಿ ಎಳೆದು, ಮತ್ತೆ ಹಿಂದೆ ಹೋಗಿ ಉಳಿದ ಹೊರೆ ತಂದು, ಹೀಗೆ ಒಳಗೆ ಮುಟ್ಟಿದಾಗ ಎದುರಿಗೆ ಕಂಡದ್ದು ಹಸಿರು ಹುಲ್ಲುಗಾವಲು, ಹೂವು, ಅಂಜಿಕೆಯಿಲ್ಲದೆ ಮೇಯುವ ಭರಲ್ ಎಂಬ ಕಾಡುಕುರಿಗಳ ಹಿಂಡು. ಅದುವರೆಗೆ ಮನುಷ್ಯರು ಅಲ್ಲಿಗೆ ಬಂದ ಗುರುತಿರಲಿಲ್ಲ.

ಎರಡು ವರ್ಷದ ನಂತರ ಬ್ರಿಟಿಷ್ ಮತ್ತು ಅಮೆರಿಕನ್ ತಂಡವೊಂದು ಅದೇ ದಾರಿಯಲ್ಲಿ ಹೋಯಿತು. ಶೆರ್ಪಾಗಳಲ್ಲಿ ಹೆಚ್ಚಿನವರು ಕಾಯಿಲೆ ಬಿದ್ದುದರಿಂದ ಮೇಲಿನ ಶಿಬಿರಗಳಿಗೆ ತಂಡದವರೇ ಹೊರೆ ಹೊತ್ತರು. ಕೊನೆಯ ಏರಿಗೆ ಆಯ್ಕೆಯಾದವರು ನೋಯೆಲ್ ಓಡೆಲ್ ಮತ್ತು ಚಾರ್ಲ್ಸ್ ಹ್ಯೂಸ್ಟನ್. ಕೆಟ್ಟುಹೋದ ಡಬ್ಬಿ ಮಾಂಸ ತಿಂದ ಹ್ಯೂಸ್ಟನ್ ರಾತ್ರಿ ವಾಂತಿಯಿಂದ ನೆಲ ಹಿಡಿದರು. ಅವರ ಬದಲಿಗೆ ಟಿಲ್ಮನ್ ಹೋದರು. 1936ರ ಆಗಸ್ಟ್ 29ರಂದು ಓಡೆಲ್ ಮತ್ತು ಟಿಲ್ಮನ್ ತುದಿ ಮುಟ್ಟಿದರು. ಓಡೆಲ್ ಅಂದರೆ 1924ರಲ್ಲಿ ಎವರೆಸ್ಟ್‌ನಲ್ಲಿ ಮ್ಯಾಲರಿ, ಇರ್ವಿನ್ ಇಬ್ಬರನ್ನೂ ಕೊನೆಯ ಬಾರಿ ಜೀವಂತ ಕಂಡ ವ್ಯಕ್ತಿ. ಆಮ್ಲಜನಕದ ಸಿಲಿಂಡರ್ ಇರಲಿಲ್ಲ. ಆ ಎತ್ತರದಲ್ಲಿ ಒಂದು ಉಸಿರಿಗೆ ಸಿಗುವ ಆಮ್ಲಜನಕ ಮುಂಬಯಿಯ ಕಡಲ ದಂಡೆಯಲ್ಲಿ ಸಿಗುವುದರ ಅರ್ಧಕ್ಕಿಂತ ಕಡಿಮೆ. 1950ರಲ್ಲಿ ಅನ್ನಪೂರ್ಣಾ ಹತ್ತುವವರೆಗೆ ಮನುಷ್ಯ ಕಾಲಿಟ್ಟ ಅತಿ ಎತ್ತರದ ಶಿಖರ ಇದೇ.

ಆ ತಂಡದ ಕಿತಾರ್ ಎಂಬ ಹಿರಿಯ ಶೆರ್ಪಾ ಬೇಸ್ ಕ್ಯಾಂಪಿನಲ್ಲಿ ಆಮಶಂಕೆಯಿಂದ ತೀರಿಕೊಂಡರು. ಶಿಖರ ಮುಟ್ಟಿದ ದಿನವೇ ಗೋಡೆಯ ಹೊರಗಿನ ಪಿಂಡರ್ ನದಿ ಉಕ್ಕಿ ಥರಾಲಿಯಲ್ಲಿ ಜನ ಕೊಚ್ಚಿಹೋದರು. ದೇವಿ ಮುನಿದಳು ಎಂದು ಊರವರು ಆಡಿಕೊಂಡರು.

ದೇವಿಯ ಅಂಗಳದಲ್ಲಿ

ಪೂರ್ವದ ಶಿಖರವನ್ನು 1939ರ ಜುಲೈ 2ರಂದು ಪೋಲೆಂಡಿನ ಯಾಕುಬ್ ಬುಯಾಕ್, ಯಾನುಷ್ ಕ್ಲಾರ್ನರ್ ಹತ್ತಿದರು. ಕೆಲವೇ ದಿನಗಳಲ್ಲಿ ಆ ತಂಡದ ನಾಯಕ ಮತ್ತು ಇನ್ನೊಬ್ಬರು ಪಕ್ಕದ ತಿರ್ಸೂಲಿಯಲ್ಲಿ ಹಿಮಕುಸಿತಕ್ಕೆ ಸಿಕ್ಕಿ ಸತ್ತರು. 1951ರಲ್ಲಿ ಎರಡು ಶಿಖರಗಳ ನಡುವಿನ ಏಣಿನ ಮೇಲೆ ನಡೆದೇ ದಾಟುತ್ತೇವೆಂದು ಹೊರಟ ಫ್ರಾನ್ಸಿನ ರೋಜೆ ದ್ಯೂಪ್ಲಾ, ಗಿಲ್ಬೆರ್ ವಿನ್ಯ್ ಮತ್ತೆ ಕಾಣಲಿಲ್ಲ. ಅವರನ್ನು ಹುಡುಕಲು ಪೂರ್ವ ಶಿಖರ ಹತ್ತಿದವರಲ್ಲಿ ತೇನ್‌ಸಿಂಗ್ ನೋರ್ಗೆ ಒಬ್ಬರು. ಎವರೆಸ್ಟ್ ಹತ್ತಿ ಜಗತ್ಪ್ರಸಿದ್ಧರಾದ ಮೇಲೂ ತಾನು ಹತ್ತಿದ್ದರಲ್ಲಿ ಕಷ್ಟದ್ದು ಸುನಂದಾದೇವಿ ಎಂದೇ ಅವರು ಹೇಳುತ್ತಿದ್ದರು. ಆ ಏಣಿನ ನಡಿಗೆ ಕೊನೆಗೂ ಸಾಧ್ಯವಾದದ್ದು 1976ರಲ್ಲಿ, ಭಾರತ ಜಪಾನ್ ಜಂಟಿ ತಂಡದ ಹಾಸೆಗಾವಾ ಮತ್ತು ತಕಾಮಿ ಎಂಬ ಇಬ್ಬರಿಗೆ.

ಭಾರತೀಯರು ಮೊದಲು ಮುಖ್ಯ ಶಿಖರ ಮುಟ್ಟಿದ್ದು 1964ರಲ್ಲಿ. ನರೇಂದ್ರ ಕುಮಾರ್ ನಾಯಕತ್ವದ ತಂಡದಿಂದ ನವಾಂಗ್ ಗೊಂಬು, ದಾವಾ ನೋರ್ಬು ತುದಿ ತಲುಪಿದರು.

ಮಾರನೆಯ ವರ್ಷವೇ ಬೆಟ್ಟಕ್ಕೆ ಬೇರೊಂದು ಬಗೆಯ ತಂಡ ಬಂತು. 1964ರ ಅಕ್ಟೋಬರಿನಲ್ಲಿ ಚೀನಾ ತನ್ನ ಮೊದಲ ಅಣುಬಾಂಬ್ ಸ್ಫೋಟಿಸಿತ್ತು. ಅದರ ಮುಂದಿನ ಪರೀಕ್ಷೆಗಳ ಮೇಲೆ ಕಣ್ಣಿಡಲು ಅಮೆರಿಕದ ಸಿಐಎ ಮತ್ತು ನಮ್ಮ ಗುಪ್ತಚರ ದಳ ಸೇರಿ ನಂದಾದೇವಿಯ ಮೇಲೆ ಒಂದು ಯಂತ್ರ ಇಡಲು ಹೊರಟವು. ಅದಕ್ಕೆ ವಿದ್ಯುತ್ ಒದಗಿಸಲು ಪ್ಲುಟೋನಿಯಂ ತುಂಬಿದ ಜನರೇಟರ್. 1965ರ ಅಕ್ಟೋಬರಿನಲ್ಲಿ ಹಿಮಬಿರುಗಾಳಿ ಎದ್ದಾಗ ಯಂತ್ರವನ್ನು ಮೇಲಿನ ಶಿಬಿರದಲ್ಲೇ ಬಂಡೆಗೆ ಕಟ್ಟಿ ಇಳಿದರು. ವಸಂತದಲ್ಲಿ ಹೋಗಿ ನೋಡಿದರೆ ಅದು ಇರಲಿಲ್ಲ. ಆ ಜಾಗವನ್ನೇ ಹಿಮಕುಸಿತ ಒಯ್ದಿತ್ತು. ವಿಷಯ ಹೊರಬಿದ್ದದ್ದು 1978ರಲ್ಲಿ. ಪ್ರಧಾನಿ ಮೊರಾರ್ಜಿ ದೇಸಾಯಿ ಸಂಸತ್ತಿನಲ್ಲಿ ಒಪ್ಪಿಕೊಂಡರು. ವಿಜ್ಞಾನಿಗಳ ಸಮಿತಿ ನೀರು ಪರೀಕ್ಷಿಸಿ ವಿಕಿರಣದ ಗುರುತಿಲ್ಲ ಎಂದಿತು. ಯಂತ್ರ ಮಾತ್ರ ಇಂದಿಗೂ ಸಿಕ್ಕಿಲ್ಲ.

1974ರಲ್ಲಿ ವಿದೇಶಿ ತಂಡಗಳಿಗೆ ಮತ್ತೆ ಅವಕಾಶ ಸಿಕ್ಕಿತು. ಅದೇ ವರ್ಷ ನಮ್ಮ ಮುಂಬಯಿಯ ತಂಡವೊಂದೂ ಒಳಗಿತ್ತು. ಅದರಲ್ಲಿದ್ದವರು ಬಟ್ಟೆ ವ್ಯಾಪಾರಿ ಹರೀಶ್ ಕಪಾಡಿಯಾ. ದೇವ್‌ತೋಲಿಯ ಮೇಲೆ 6,200 ಮೀಟರ್ ಎತ್ತರದಲ್ಲಿ ಹಿಮದ ಬಿರುಕಿಗೆ ಬಿದ್ದು ಅವರ ಸೊಂಟದ ಕೀಲು ತಪ್ಪಿತು. ಸಂಗಡಿಗರು ಹದಿಮೂರು ದಿನ ಹೊತ್ತು ಬೇಸ್ ಕ್ಯಾಂಪಿಗೆ ತಂದರು. ಅಲ್ಲಿಂದ ಹೆಲಿಕಾಪ್ಟರ್. ಎರಡು ವರ್ಷ ಊರುಗೋಲು ಹಿಡಿದು ಮತ್ತೆ ನಡೆಯಲು ಕಲಿತ ಅವರು ಆಮೇಲೆ ಹಿಮಾಲಯದ ಮೂಲೆಮೂಲೆ ತಿರುಗಿದರು, ದೀರ್ಘಕಾಲ ಹಿಮಾಲಯನ್ ಜರ್ನಲ್‌ನ ಸಂಪಾದಕರಾಗಿದ್ದರು. ಕೋಟೆಯೊಳಗೆ ಏನಾದರೂ ಆದರೆ ಹೊರಬರುವುದು ಎಷ್ಟು ಕಷ್ಟ ಎಂಬುದಕ್ಕೆ ಆ ಹದಿಮೂರು ದಿನಗಳೇ ಸಾಕ್ಷಿ.

1976ರ ಅಮೆರಿಕನ್ ತಂಡದ ಕಥೆ ಓದಿದವರು ಮರೆಯಲಾರರು. ಪರ್ವತಾರೋಹಿ ವಿಲ್ಲಿ ಅನ್‌ಸೋಲ್ಡ್ ತರುಣನಾಗಿದ್ದಾಗ ಈ ಬೆಟ್ಟ ಕಂಡು ಮಾರುಹೋಗಿ, ಮುಂದೆ ಹುಟ್ಟಿದ ಮಗಳಿಗೆ ನಂದಾದೇವಿ ಎಂದೇ ಹೆಸರಿಟ್ಟಿದ್ದರು. ಇಪ್ಪತ್ತೆರಡರ ಆ ಮಗಳು ತಂದೆಯ ಜೊತೆ ತನ್ನ ಹೆಸರಿನ ಬೆಟ್ಟ ಹತ್ತಲು ಬಂದಳು. ಮೇಲಿನ ಶಿಬಿರದಲ್ಲಿ ಕಾಯಿಲೆಯಾಗಿ ಸೆಪ್ಟೆಂಬರ್ 8ರಂದು ತಂದೆಯ ಕಣ್ಣೆದುರೇ ಪ್ರಾಣ ಬಿಟ್ಟಳು. ದೇಹ ಅಲ್ಲೇ ಹಿಮದಲ್ಲಿ ಉಳಿಯಿತು. 1981ರಲ್ಲಿ ರೇಖಾ ಶರ್ಮಾ, ಹರ್ಷವಂತಿ ಬಿಷ್ಟ್, ಚಂದ್ರಪ್ರಭಾ ಐತ್ವಾಲ್ ಮುಖ್ಯ ಶಿಖರ ತಲುಪಿದ ಮೊದಲ ಮಹಿಳೆಯರಾದರು.

ಈ ಕೆಲವೇ ವರ್ಷಗಳಲ್ಲಿ ಒಳಗಿನ ಅಂಗಳ ಹಾಳಾಗತೊಡಗಿತ್ತು. ತಂಡಕ್ಕೊಂದರಂತೆ ಹೊರೆಯಾಳುಗಳ ದೊಡ್ಡ ಸಾಲು, ಅಡಿಗೆಗೆ ಭೂರ್ಜ, ಜೂನಿಪರ್ ಕಡಿದದ್ದು, ಬಿಟ್ಟುಹೋದ ಡಬ್ಬಿ, ಹಗ್ಗ, ಪ್ಲಾಸ್ಟಿಕ್. ಇದರ ಜೊತೆಗೆ ಕಸ್ತೂರಿ ಮೃಗದ ಕಳ್ಳಬೇಟೆ. 1982ರಲ್ಲಿ ಸರ್ಕಾರ ಇದನ್ನು ರಾಷ್ಟ್ರೀಯ ಉದ್ಯಾನವೆಂದು ಘೋಷಿಸಿತು. ಬಾಗಿಲು ಮುಚ್ಚಿತು. 1988ರಲ್ಲಿ ಯುನೆಸ್ಕೊ ವಿಶ್ವ ಪರಂಪರೆಯ ಪಟ್ಟಿಗೆ ಸೇರಿಸಿತು. 1993ರಲ್ಲಿ ಸೇನೆಯ ತಂಡವೊಂದು ವಿಜ್ಞಾನಿಗಳೊಡನೆ ಒಳಹೋಗಿ ಹಳೆಯ ಕಸ ಹೊತ್ತು ತಂದಿತು. ಇಂಥ ಕೆಲವು ಅಪವಾದ ಬಿಟ್ಟರೆ ಒಳಗೆ ಮನುಷ್ಯರ ಸದ್ದಿಲ್ಲ.

ರೈಣಿಯ ಹೆಂಗಸರು, ಸಲ್ಕಣಿಯ ಮರಗಳು

ಇಲ್ಲಿಯವರೆಗಿನ ಕಥೆಯನ್ನು ಹತ್ತಿದವರ ಪುಸ್ತಕಗಳಲ್ಲಿ ಓದಬಹುದು. ಬುಡದಲ್ಲಿ ಇದ್ದವರ ಕಥೆ ಬೇರೆ.

ಋಷಿಗಂಗೆ ಕಮರಿಯಿಂದ ಹೊರಬಂದು ಧೌಲಿಗಂಗೆಯನ್ನು ಸೇರುವಲ್ಲಿ ರೈಣಿ ಎಂಬ ಹಳ್ಳಿ. ಅಲ್ಲಿಂದ ಸ್ವಲ್ಪ ಮುಂದೆ ಲಾತಾ. ಶಿಖರದ ದಾರಿ ಹೊರಡುತ್ತಿದ್ದದ್ದು ಲಾತಾದಿಂದಲೇ. ಲಾತಾ ಖರಕ್, ಧರಾಂಸಿ, ದಿಬ್ರುಗೇಟಾ, ದೇವಡಿ, ರಮಣಿ ಎಂದು ಒಂದೊಂದೇ ಬಿಡಾರ ದಾಟಿ ಒಳಗೆ ಹೋಗಬೇಕು. ಇದರಲ್ಲಿ ಮೊದಲ ಭಾಗ ಈ ಹಳ್ಳಿಗಳ ಕುರಿ ಆಡುಗಳ ಬೇಸಗೆಯ ಹುಲ್ಲುಗಾವಲು.

ಇಲ್ಲಿನ ಭೋಟಿಯಾ ಜನ ಹಿಂದೆ ಟಿಬೆಟ್ಟಿಗೆ ಧಾನ್ಯ ಹೊತ್ತು ಹೋಗಿ ಉಪ್ಪು, ಉಣ್ಣೆ ತರುತ್ತಿದ್ದವರು. 1962ರ ಯುದ್ಧದಿಂದ ಗಡಿ ಮುಚ್ಚಿತು, ವ್ಯಾಪಾರ ನಿಂತಿತು. ಉಳಿದದ್ದು ಕುರಿ, ಹೊಲ, ಕಾಡು. 1970ರಲ್ಲಿ ಅಲಕನಂದೆ ಉಕ್ಕಿ ಹರಿದಾಗ, ಕಾಡು ಬೋಳಾದರೆ ಬೆಟ್ಟ ಜಾರುತ್ತದೆ ಎಂಬುದನ್ನು ಈ ಜನ ಕಣ್ಣಾರೆ ಕಂಡಿದ್ದರು. ನಾಲ್ಕು ವರ್ಷದ ನಂತರ ರೈಣಿಯ ಕಾಡಿನ ಎರಡು ಸಾವಿರಕ್ಕೂ ಹೆಚ್ಚು ಮರಗಳು ಹರಾಜಾದವು. 1974ರ ಮಾರ್ಚ್ 26ರಂದು ಊರಿನ ಗಂಡಸರು ಭೂಮಿಯ ಪರಿಹಾರದ ಹಣಕ್ಕಾಗಿ ಚಮೋಲಿಗೆ ಹೋಗಿದ್ದ ಹೊತ್ತು ನೋಡಿ ಗುತ್ತಿಗೆದಾರನ ಆಳುಗಳು ಕೊಡಲಿ ಹಿಡಿದು ಬಂದರು. ಊರ ಮಹಿಳಾ ಮಂಗಳ ದಳದ ಮುಖ್ಯಸ್ಥೆ, ಐವತ್ತರ ಹತ್ತಿರದ ವಿಧವೆ ಗೌರಾದೇವಿ, ಇಪ್ಪತ್ತೇಳು ಹೆಂಗಸರು ಮತ್ತು ಹುಡುಗಿಯರನ್ನು ಕಟ್ಟಿಕೊಂಡು ಹೋಗಿ ಮರಗಳ ಮುಂದೆ ನಿಂತರು. ಆಳುಗಳು ಹಿಂತಿರುಗಬೇಕಾಯಿತು. ಚಿಪ್ಕೊ ಚಳವಳಿಯ ಹೆಸರು ದೇಶಕ್ಕೆಲ್ಲ ಗೊತ್ತಾದದ್ದು ಈ ಘಟನೆಯಿಂದ.

ಅಲ್ಲಿಂದ ಆ ಗಾಳಿ ನಮ್ಮ ಕಡೆಗೂ ಬೀಸಿತು. ಸುಂದರಲಾಲ್ ಬಹುಗುಣರ ಒಡನಾಟದಲ್ಲಿ ಚಿಪ್ಕೊವನ್ನು ಹತ್ತಿರದಿಂದ ಕಂಡ ಪಾಂಡುರಂಗ ಹೆಗಡೆ ಉತ್ತರ ಕನ್ನಡಕ್ಕೆ ಮರಳಿದರು. 1983ರ ಸೆಪ್ಟೆಂಬರ್ 8ರಂದು ಶಿರಸಿ ತಾಲೂಕಿನ ಸಲ್ಕಣಿಯ ಜನ ಕಳಸೆ ಕಾಡಿಗೆ ನಡೆದು ಹೋಗಿ ಮರಗಳನ್ನು ತಬ್ಬಿ ನಿಂತರು. ಅದೇ ಅಪ್ಪಿಕೊ ಚಳವಳಿ. ಈ ಪತ್ರಿಕೆಯ ಓದುಗರಲ್ಲಿ ಶಿರಸಿ, ಸಿದ್ದಾಪುರ, ಯಲ್ಲಾಪುರದಿಂದ ಬಂದವರು ಅನೇಕರು. ನಿಮ್ಮ ಊರಿನ ಬೆಟ್ಟ, ಕಾನು ಉಳಿದಿದ್ದರೆ ಅದರ ಹಿಂದೆ ನಂದಾದೇವಿಯ ಬುಡದ ಹೆಂಗಸರ ಒಂದು ದಿನದ ಧೈರ್ಯವೂ ಇದೆ.

ಈಗ ವರ್ಷಗಳನ್ನು ಪಕ್ಕಪಕ್ಕ ಇಟ್ಟು ನೋಡಿ. 1983ರಲ್ಲಿ ಸಲ್ಕಣಿಯ ಜನ ಮರ ಅಪ್ಪಿದರು. ಅದೇ ಹೊತ್ತಿಗೆ, ಮರ ಅಪ್ಪಲು ಕಲಿಸಿದ ರೈಣಿ, ಲಾತಾಗಳ ಜನರಿಗೆ ಅವರದೇ ಬೆಟ್ಟದ ಬಾಗಿಲು ಮುಚ್ಚಿತು. ಕುರಿ ಮೇಯಿಸುವಂತಿಲ್ಲ, ಮದ್ದಿನ ಬೇರು ತರುವಂತಿಲ್ಲ. ಪರ್ವತಾರೋಹಿಗಳೇ ಇಲ್ಲದ ಮೇಲೆ ಹೊರೆಯಾಳು, ದಾರಿ ತೋರಿಸುವವರ ಕೂಲಿಯೂ ಇಲ್ಲ. ಕಾಡನ್ನು ಕಾದವರೂ ಕಾಡನ್ನು ಕೆಡಿಸಿದವರೂ ಕಾನೂನಿನ ಕಣ್ಣಿಗೆ ಒಂದೇ ಆದರು. 1998ರಲ್ಲಿ ಹಳ್ಳಿಯವರು ಝಪಟೊ ಛೀನೊ ಎಂಬ ಹೆಸರಿನಲ್ಲಿ, ಅಂದರೆ ಕಿತ್ತುಕೊಳ್ಳಿ ಎಂಬ ಕರೆ ಕೊಟ್ಟು, ನಿಷೇಧಿತ ಪ್ರದೇಶಕ್ಕೆ ನುಗ್ಗಿ ಪ್ರತಿಭಟಿಸಿದರು. 2001ರ ಅಕ್ಟೋಬರಿನಲ್ಲಿ ಲಾತಾದಲ್ಲಿ ಸೇರಿ ಒಂದು ಘೋಷಣೆ ಹೊರಡಿಸಿದರು. ಬೆಟ್ಟವನ್ನು ಸೂರೆಬಿಡಿ ಎಂದು ಅವರು ಕೇಳಲಿಲ್ಲ. ಪ್ರವಾಸಿಗಳು ಬರುವುದಾದರೆ ಊರಿನ ನಿಯಮದಂತೆ ಬರಲಿ, ಬರುವ ಕೆಲಸ ಊರವರಿಗೆ ಸಿಗಲಿ, ಜೀವಜಾಲ ಉಳಿಯಲಿ ಎಂಬುದು ಅದರ ಸಾರ. ಆಮೇಲೆ ಉದ್ಯಾನದ ಹೊರಭಾಗದಲ್ಲಿ ಕೆಲವೇ ಜನರಿಗೆ, ಸ್ಥಳೀಯ ಮಾರ್ಗದರ್ಶಿಯೊಡನೆ, ದಿಬ್ರುಗೇಟಾದವರೆಗೆ ಚಾರಣಕ್ಕೆ ಅವಕಾಶ ಸಿಕ್ಕಿತು.

2021ರ ಫೆಬ್ರವರಿ 7

ಹತ್ತುವವರಿಗೆ ಬೀಗ ಹಾಕಿದ ಕಮರಿಯ ಬಾಯಲ್ಲೇ, ರೈಣಿಯಲ್ಲಿ, 13.2 ಮೆಗಾವಾಟಿನ ಜಲವಿದ್ಯುತ್ ಸ್ಥಾವರ ಎದ್ದಿತು. ಕೆಳಗೆ ತಪೋವನದಲ್ಲಿ 520 ಮೆಗಾವಾಟಿನ ಇನ್ನೊಂದರ ಕಾಮಗಾರಿ ನಡೆಯುತ್ತಿತ್ತು.

2021ರ ಫೆಬ್ರವರಿ 7, ಭಾನುವಾರ ಬೆಳಿಗ್ಗೆ, ರೋಂಟಿ ಎಂಬ ಶಿಖರದ ಉತ್ತರ ಮೈಯಿಂದ ಬಂಡೆ ಮತ್ತು ಹಿಮದ ದೊಡ್ಡ ಹೋಳು ಕಳಚಿ ಬಿತ್ತು. ಸುಮಾರು 2.7 ಕೋಟಿ ಘನ ಮೀಟರ್. 1,800 ಮೀಟರ್ ಕೆಳಗೆ ಕಣಿವೆಗೆ ಅಪ್ಪಳಿಸುವಾಗ ತಿಕ್ಕಾಟದ ಬಿಸಿಗೆ ಹಿಮ ಕರಗಿ, ಕಲ್ಲು ಮಣ್ಣು ನೀರು ಒಂದಾಗಿ ಋಷಿಗಂಗೆಯಲ್ಲಿ ನುಗ್ಗಿತು. ರೈಣಿಯ ಸ್ಥಾವರ ಕೊಚ್ಚಿಹೋಯಿತು. ತಪೋವನದ ಸುರಂಗಕ್ಕೆ ಕೆಸರು ತುಂಬಿತು. ಸತ್ತವರು, ಕಾಣೆಯಾದವರು ಸೇರಿ 200ಕ್ಕೂ ಹೆಚ್ಚು ಮಂದಿ. ಹೆಚ್ಚಿನವರು ಕೂಲಿಗೆ ಬಂದವರು. ದುಡಿಮೆಗಾಗಿ ಊರು ಬಿಟ್ಟು ಬಂದ ನಮಗೆ ಆ ಸಂಖ್ಯೆಯ ಅರ್ಥ ಬೇಗ ತಿಳಿಯುತ್ತದೆ.

1965ರಲ್ಲಿ ಕಳೆದುಹೋದ ಯಂತ್ರವೇ ಸಿಡಿಯಿತೇನೋ ಎಂದು ರೈಣಿಯ ಹಿರಿಯರು ಅನುಮಾನಪಟ್ಟರು. ವಿಜ್ಞಾನಿಗಳ ಅಧ್ಯಯನದಲ್ಲಿ ಕಂಡದ್ದು ಬಂಡೆ, ಹಿಮಗಳ ಕುಸಿತ. ಆದರೂ ಆ ಅನುಮಾನವನ್ನು ನಗುವಂತಿಲ್ಲ. ಹದಿಮೂರು ವರ್ಷ ಅವರಿಗೆ ಯಾರೂ ಸತ್ಯ ಹೇಳಿರಲಿಲ್ಲ. ಅದೇ ವರ್ಷ ಜೂನ್‌ನಲ್ಲಿ ಮಳೆಗೆ ನೆಲ ಕುಸಿದಾಗ ರೈಣಿಯಲ್ಲಿದ್ದ ಗೌರಾದೇವಿಯ ಪ್ರತಿಮೆಯನ್ನೂ ತೆಗೆದು ಬೇರೆಡೆಗೆ ಒಯ್ಯಬೇಕಾಯಿತು.

ಹಿಮಾಲಯ ಎಳೆಯ ಬೆಟ್ಟ ಎಂದು ಮೊದಲೇ ಹೇಳಿದೆ. ಎಳೆಯ ಬೆಟ್ಟ ಕುಸಿಯುತ್ತದೆ. ಬಿಸಿ ಏರಿದಂತೆ ಬಂಡೆಗಳನ್ನು ಹಿಡಿದಿಟ್ಟ ಹಿಮದ ಬೆಸುಗೆ ಸಡಿಲುತ್ತದೆ, ಹಿಮನದಿಗಳು ಹಿಂದೆ ಸರಿಯುತ್ತವೆ. ಅದರ ಕಾಲಬುಡದಲ್ಲಿ ಏನು ಕಟ್ಟಬೇಕು, ಏನು ಕಟ್ಟಬಾರದು ಎಂಬುದು ಮಾತ್ರ ನಮ್ಮ ಕೈಯಲ್ಲಿರುವುದು.

ಬೀಗದ ಕೈ ಯಾರ ಬಳಿ?

ಈ ಪ್ರಶ್ನೆ ಹಿಮಾಲಯಕ್ಕಷ್ಟೇ ಸೇರಿದ್ದಲ್ಲ. 2024ರ ಜನವರಿ ಕೊನೆಯ ರಜೆಯಲ್ಲಿ ಕುಮಾರಪರ್ವತದ ದಾರಿಯಲ್ಲಿ ಚಾರಣಿಗರ ಸಂತೆಯೇ ಸೇರಿತ್ತು. ಆ ಚಿತ್ರಗಳು ಎಲ್ಲೆಡೆ ಹರಿದಾಡಿದ ಮೇಲೆ ಕರ್ನಾಟಕ ಸರ್ಕಾರ ಆನ್‌ಲೈನ್ ಬುಕ್ಕಿಂಗ್ ವ್ಯವಸ್ಥೆ ಇಲ್ಲದ ಚಾರಣಗಳನ್ನು ಕೆಲಕಾಲ ನಿಲ್ಲಿಸಿತು. ಸಂಖ್ಯೆಗೆ ಮಿತಿ ಬೇಕು ಎಂಬುದರಲ್ಲಿ ಎರಡು ಮಾತಿಲ್ಲ. ಆದರೆ ಮಿತಿ ಹಾಕುವಾಗ ಗಿರಿಗದ್ದೆಯಲ್ಲಿ ಚಾರಣಿಗರಿಗೆ ಅನ್ನ ಹಾಕುವ ಮನೆಯವರನ್ನೂ ಕೇಳಬೇಕು. ಲಾತಾದವರು ಕೇಳಿದ್ದೂ ಅಷ್ಟನ್ನೇ.

ನಂದಾದೇವಿಯನ್ನು ಮತ್ತೆ ತೆರೆಯಬೇಕು ಎಂದು ಪರ್ವತಾರೋಹಿಗಳು ಆಗಾಗ ಕೇಳುತ್ತಾರೆ. ನನ್ನ ಮಟ್ಟಿಗೆ, ಒಳ ಅಂಗಳ ಮುಚ್ಚಿಯೇ ಇರಲಿ. ಮನುಷ್ಯನ ಕಾಲು ತಾಗದ ಜಾಗವೊಂದು ದೇಶದಲ್ಲಿ ಇದ್ದರೆ ಯಾರಿಗೂ ನಷ್ಟವಿಲ್ಲ. ಆದರೆ ಹೊರಗಿನ ಹುಲ್ಲುಗಾವಲಿನ ಮಾತು ಬಂದಾಗ ಬೀಗದ ಕೈ ಅದರ ಬುಡದ ಹಳ್ಳಿಯವರ ಸೆರಗಿನಲ್ಲೂ ಇರಬೇಕು. ಚಾರಣಿಗನನ್ನು ತಡೆದು ಅಣೆಕಟ್ಟನ್ನು ಬಿಡುವ ಬೀಗದಿಂದ ಬೆಟ್ಟ ಉಳಿಯುವುದಿಲ್ಲ ಎಂಬುದನ್ನು 2021 ತೋರಿಸಿಕೊಟ್ಟಿದೆ.

ನೋಡಬೇಕೆನ್ನುವವರಿಗೆ ದಾರಿಗಳಿವೆ. ಮುಂಬಯಿಯಿಂದ ಹರಿದ್ವಾರಕ್ಕೆ ನೇರ ರೈಲಿದೆ. ಅಲ್ಲಿಂದ ಜೋಶಿಮಠಕ್ಕೆ ರಸ್ತೆಯಲ್ಲಿ ಒಂದು ಇಡೀ ಹಗಲು. ಮೇಲೆ ಔಲಿಯಿಂದ ಮುಖ್ಯ ಶಿಖರ ಕಾಣುತ್ತದೆ. ಕುಮಾವೂಂ ಕಡೆಯಿಂದ ಹೋಗುವವರಿಗೆ ಕೌಸಾನಿ, ಬಿನ್ಸರ್ ಇವೆ. ಅಕ್ಟೋಬರ್, ನವೆಂಬರಿನಲ್ಲಿ ಆಕಾಶ ತಿಳಿಯಾಗಿರುತ್ತದೆ. ಬೆಳಗಿನ ಜಾವ ಎದ್ದು ಕಾಯಬೇಕು. ಮನೆಯಲ್ಲೇ ಕೂತು ಓದುವವರಿಗೆ, 1928ರಲ್ಲಿ ಹುಟ್ಟಿದ, ಈಗ ಮುಂಬಯಿಯಲ್ಲೇ ನೆಲೆಯಿರುವ ಹಿಮಾಲಯನ್ ಕ್ಲಬ್ಬಿನ ಜರ್ನಲ್‌ನ ಹಳೆಯ ಸಂಚಿಕೆಗಳು ಅಂತರಜಾಲದಲ್ಲಿ ಸಿಗುತ್ತವೆ.

ಜೋಶಿಮಠದವರೆಗೆ ಹೋದವರು ಔಲಿಯ ಚಿತ್ರ ತೆಗೆದುಕೊಂಡು ಅಲ್ಲಿಂದಲೇ ತಿರುಗಬೇಡಿ. ಮಲಾರಿ ರಸ್ತೆಯಲ್ಲಿ ಇನ್ನೊಂದು ಗಂಟೆಯಷ್ಟು ಮುಂದೆ ಹೋದರೆ ರೈಣಿ, ಲಾತಾ. ಲಾತಾದಲ್ಲಿ ನಂದಾದೇವಿಯ ಹಳೆಯ ಗುಡಿ ಇದೆ. ಉಳಿಯುವುದಾದರೆ ಹಳ್ಳಿಯ ಮನೆಯಲ್ಲೇ ಉಳಿಯಿರಿ, ದಾರಿ ತೋರಿಸಲು ಹಳ್ಳಿಯವರನ್ನೇ ಕರೆಯಿರಿ, ಕೂಲಿ ಅವರ ಕೈಗೇ ಕೊಡಿ.